ಆಟಕ್ಕುಂಟು, ಲೆಕ್ಕಕ್ಕಿಲ್ಲ

ಸಂಜೆಯ ಹೊತ್ತು ಬೀದಿಯ ಮಕ್ಕಳು ಆಟಕ್ಕೆ ನೆರೆದಾಗ, ಅವರಲ್ಲೆಲ್ಲ ಕಿರಿಯನಾದವನೊಬ್ಬನು ಅಕ್ಕನ ಲಂಗದ ಅಂಚನ್ನು ಹಿಡಿದುಕೊಂಡು ಬಂದು ನಿಲ್ಲುವುದುಂಟು. ಅವನನ್ನು ಬಿಟ್ಟು ಆಡಿದರೆ ಅಳುತ್ತಾನೆ, ಮನೆಯೊಳಗಿಂದ ಅಮ್ಮನ ಕೂಗು ಬರುತ್ತದೆ. ಸೇರಿಸಿಕೊಂಡರೆ ಮೊದಲನೆಯ ಸುತ್ತಿನಲ್ಲಿಯೇ ಸಿಕ್ಕಿಬಿದ್ದು ಆಟವನ್ನು ಕೆಡಿಸುತ್ತಾನೆ. ಈ ಸಂಕಟಕ್ಕೆ ಕನ್ನಡನಾಡಿನ ಮಕ್ಕಳು ಎಂದೋ ಒಂದು ಪರಿಹಾರವನ್ನು ಕಂಡುಕೊಂಡರು. 'ಇವನು ಆಟಕ್ಕುಂಟು, ಲೆಕ್ಕಕ್ಕಿಲ್ಲ' ಎಂದು ಅಕ್ಕ ಸಾರಿಬಿಟ್ಟಳೆಂದರೆ ಮುಗಿಯಿತು. ಅಲ್ಲಿಂದ ಮುಂದೆ ಅವನು ಎಲ್ಲರಂತೆ ಓಡಬಹುದು, ಅಡಗಬಹುದು, ಕೇಕೆ ಹಾಕಬಹುದು. ಯಾರು ಮುಟ್ಟಿದರೂ ಅವನು ಔಟಲ್ಲ. ಕಳ್ಳನಾಗುವ ಸರದಿ ಅವನಿಗೆ ಬಾರದು. ಕಟ್ಟಳೆಯೂ ಮುರಿಯಲಿಲ್ಲ, ಮಗುವೂ ಅಳಲಿಲ್ಲ. ಸ್ಮೃತಿಕಾರರು ಸಾವಿರ ಶ್ಲೋಕಗಳಲ್ಲಿ ಹೇಳಿದ ವ್ಯವಸ್ಥೆಗಳಲ್ಲಿ ಇಷ್ಟು ನವುರಾದದ್ದು ಎಷ್ಟಿದೆಯೋ! ಇದರಲ್ಲಿ ಇರುವ ತೊಡಕು ಒಂದೇ. ಮಗು ಬೆಳೆಯುತ್ತದೆ. ತನ್ನನ್ನು ಯಾರೂ ಅಟ್ಟಿಸಿಕೊಂಡು ಬರುತ್ತಿಲ್ಲವೆಂಬುದು ಒಂದು ದಿನ ಅದಕ್ಕೆ ಹೊಳೆಯುತ್ತದೆ.

ಅದೇ ಕಟ್ಟಳೆಯು ಇಂದು ಬೇರೊಂದು ವೇಷದಲ್ಲಿ ಬೇರೊಂದು ಬಗೆಯ ಆಟವನ್ನು ಹೊಕ್ಕಿದೆ. ಟೀವಿಗೆ ಜೋಡಿಸಿ ಆಡತಕ್ಕ ಪೆಟ್ಟಿಗೆಗಳನ್ನು ಅಂಗಡಿಯವರು ಕನ್ಸೋಲ್ ಎಂದು ಕರೆಯುತ್ತಾರೆ. ಅವು ಹಳತಾದ ಮೇಲೆ ಬೀಗವನ್ನು ಬಿಚ್ಚಿ ಒಳಗಿನ ಆಟಗಳನ್ನು ತಿದ್ದುವ ಒಂದು ಪಂಗಡ ಲೋಕದಲ್ಲೆಲ್ಲ ಉಂಟು. ಅವರ ಸಾಧನಗಳಲ್ಲಿ ಒಂದರ ಹೆಸರು 'ಮಾಡ್ ಮೆನು'. ಆಟ ನಡೆಯುತ್ತಿರುವಾಗಲೇ ಜಾಯ್‌ಸ್ಟಿಕ್ಕಿನ ಎರಡು ಮೂರು ಗುಂಡಿಗಳನ್ನು ಒಟ್ಟಿಗೆ ಅದುಮಿದರೆ, ಪರದೆಯ ಅಂಚಿನಲ್ಲಿ ಹೋಟೆಲಿನ ತಿಂಡಿಯ ಹಲಗೆಯಂತೆ ಒಂದು ಪಟ್ಟಿ ಕಾಣಿಸಿಕೊಳ್ಳುತ್ತದೆ. ಸಾಯದ ಶರೀರ ಬೇಕೆ? ತೀರದ ಗುಂಡು ಬೇಕೆ? ಗೋಡೆಯನ್ನು ತೂರಿಕೊಂಡು ನಡೆಯುವ ವಿದ್ಯೆ ಬೇಕೆ? ಬೇಕಾದುದರ ಮೇಲೆ ಬೆರಳಿಟ್ಟರೆ ಸಾಕು, ತಪಸ್ಸಿಲ್ಲದೆ ವರ ಕೈಗೂಡುತ್ತದೆ. ಇವುಗಳಲ್ಲಿ ಮೊದಲನೆಯದನ್ನು 'ಗಾಡ್ ಮೋಡ್' ಎನ್ನುತ್ತಾರೆ. ಈ ಹೆಸರಿಟ್ಟವರು ಭಾರತದ ಕಥೆಯನ್ನು ಕೇಳಿದವರಾಗಿದ್ದರೆ ಅದನ್ನು ದೇವರಿಗೆ ಕಟ್ಟದೆ ಅಶ್ವತ್ಥಾಮನಿಗೆ ಕಟ್ಟುತ್ತಿದ್ದರು. ಸಾವಿಲ್ಲದಿರುವುದು ಅವನಿಗೆ ಬಂದದ್ದು ಶಾಪವಾಗಿ.

ಇದರ ಒಳಗುಟ್ಟು ಸರಳವಾದುದು. ಆಟದಲ್ಲಿ ಪ್ರಾಣವೆಂಬುದು ಯಂತ್ರದ ಸ್ಮೃತಿಯೊಳಗೆ ಒಂದು ಗೊತ್ತಾದ ಮನೆಯಲ್ಲಿ ಬರೆದಿಟ್ಟ ಅಂಕೆಯೇ ಹೊರತು ಬೇರೆಯಲ್ಲ. ಪೆಟ್ಟು ಬಿದ್ದಾಗ ಆಟವು ಆ ಅಂಕೆಯಲ್ಲಿ ಒಂದಿಷ್ಟನ್ನು ಕಳೆಯುತ್ತದೆ. ಮೆನುವು ಒಂದು ಕ್ಷಣದಲ್ಲಿ ಹಲವು ಸಲ ಅದೇ ಮನೆಗೆ ಹೋಗಿ ಕಳೆದುದನ್ನು ಅಳಿಸಿ ಪೂರ್ಣಾಂಕವನ್ನು ಮತ್ತೆ ಬರೆಯುತ್ತದೆ. ಚಿತ್ರಗುಪ್ತನ ಕಚೇರಿಯಲ್ಲಿ ಲಂಚ ತಿಂದ ಗುಮಾಸ್ತನೊಬ್ಬನನ್ನು ಕೂರಿಸಿದಂತೆ. ಎಷ್ಟು ಪಾಪ ಬರೆದರೂ ಆ ಪುಟ ಬಿಳಿಯಾಗಿಯೇ ಉಳಿಯುತ್ತದೆ.

ಬೆಂಗಳೂರಿನಲ್ಲಿ ಹೊಸ ಕನ್ಸೋಲನ್ನು ಕೊಳ್ಳತಕ್ಕವನು ಗಾಂಧಿನಗರದ ನ್ಯಾಷನಲ್ ಮಾರ್ಕೆಟ್ಟಿಗೆ ಹೋಗಬಹುದು. ಬಿಡಿ ಚಿಪ್ಪುಗಳೂ ತಂತಿಗಳೂ ಬೇಕಾದವನು ಸಾದರ ಪತ್ರಪ್ಪ ರಸ್ತೆಗೆ ಹೋಗಬಹುದು. ಶಿವಾಜಿನಗರಕ್ಕೆ ಬರುವವನ ಅಗತ್ಯವೇ ಬೇರೆ. ಬೇರೆಲ್ಲಿಯೋ 'ಇದು ಮುಗಿಯಿತು' ಎಂದು ಹೇಳಿಸಿಕೊಂಡ ವಸ್ತುವನ್ನು ಚೀಲದಲ್ಲಿ ಹಾಕಿಕೊಂಡು ಅವನು ಅಲ್ಲಿಗೆ ಬರುತ್ತಾನೆ. ೧೮೦೯ರಲ್ಲಿ ಇಂಗ್ಲಿಷರ ದಂಡು ಬೆಂಗಳೂರಿನಲ್ಲಿ ನೆಲೆಯೂರಿದುದು ಮೊದಲಾಗಿ, ಆ ದಂಡಿನ ಪ್ರದೇಶವು ಮೈಸೂರಿನ ಕೈಗೆ ಮರಳಿದ ೧೯೪೭ರವರೆಗೂ, ಸೀಮೆಯಿಂದ ಬಂದ ಗಡಿಯಾರ, ಬಂದೂಕು, ಪಿಯಾನೋ, ಮೋಟಾರುಗಳೆಲ್ಲ ಈ ಕಡೆಯಲ್ಲಿಯೇ ಮೊದಲು ಇಳಿದವು. ಇಳಿದವು ಎಂದ ಮೇಲೆ ಕೆಡಲೂ ಬೇಕು. ಕೆಟ್ಟವು ಎಂದ ಮೇಲೆ ಅವನ್ನು ಬಿಚ್ಚಿ ನೋಡುವ ಧೈರ್ಯವಂತರೂ ಬೇಕು. ಬ್ಲಾಕ್‌ಪಳ್ಳಿಯೆಂಬ ಹಳೆಯ ಹೆಸರು ಹೋಗಿ ಶಿವಾಜಿನಗರವೆಂಬ ಹೆಸರು ಬಂದರೂ ಆ ಧೈರ್ಯ ಹೋಗಲಿಲ್ಲ. ರಸೆಲ್ ಮಾರ್ಕೆಟ್ಟಿನ ಹಣ್ಣು, ಹೂವು, ಮೀನುಗಳ ಗದ್ದಲವನ್ನು ದಾಟಿ ಒಳಗಿನ ಬೀದಿಗಳಿಗೆ ನಡೆದರೆ ಗುಜರಿಯ ಸಾಮ್ರಾಜ್ಯ. ಅಲ್ಲಿ ಮೋಟಾರು ಗಾಡಿಗೆ ಮರಣವೆಂಬುದಿಲ್ಲ, ವಿಭಾಗ ಮಾತ್ರ ಉಂಟು: ಬಾಗಿಲೊಂದು ಕಡೆ, ಗೇರಿನ ಪೆಟ್ಟಿಗೆಯೊಂದು ಕಡೆ, ಕನ್ನಡಿಗಳೆಲ್ಲ ಗೋಡೆಯ ಮೊಳೆಗಳಲ್ಲಿ. ಒಂದು ಗಾಡಿಯ ಯಂತ್ರವನ್ನು ಇನ್ನೊಂದರ ಮೈಗೆ ಹೊಂದಿಸಿ ಮೂರನೆಯದರ ದೀಪಗಳನ್ನು ತೊಡಿಸಿದ ಅರ್ಧನಾರೀಶ್ವರ ರೂಪಗಳೂ ಅಲ್ಲಿ ಕಾಣಸಿಗುತ್ತವೆ. ಪೇಟೆಯವರು ಇದನ್ನು ಕುರಿತು ಪರಿಹಾಸ ಮಾಡುವುದುಂಟು. ಗಾಡಿ ಕೆಟ್ಟ ದಿನ ಅಲ್ಲಿಗೇ ಬರುವುದೂ ಉಂಟು.

ತಯಾರಿಸಿದವನು ಹೇಳಿದಂತೆಯೇ ವಸ್ತುವು ಬಾಳಬೇಕಾಗಿಲ್ಲ ಎಂಬ ನಂಬಿಕೆಯು ಇಂಥ ಬೀದಿಗಳಲ್ಲಿ ಗಾಳಿಯಂತೆ ಸಹಜವಾದುದು. ಮೊಬೈಲು ದುರಸ್ತಿಯ ಮೇಜಿನ ಮೂಲೆಯಲ್ಲಿ ಕಪ್ಪು ಕನ್ಸೋಲೊಂದು ಹೊಟ್ಟೆ ಬಿರಿದು ಮಲಗಿರುವುದು ಅಲ್ಲಿ ಅಸಂಗತವಾಗಿ ತೋರುವುದಿಲ್ಲ. ಕೊಂಡ ಮನೆಯ ಹುಡುಗನು ಓದು ಮುಗಿಸಿ ಅಮೆರಿಕಕ್ಕೆ ಹೋಗಿರುತ್ತಾನೆ. ಮನೆ ಖಾಲಿಮಾಡುವಾಗ ಹಳೆಯ ಮಿಕ್ಸಿಯ ಜೊತೆಯಲ್ಲಿ ಅವನ ಬಾಲ್ಯವೂ ಗುಜರಿಗೆ ಬರುತ್ತದೆ.

ಆಟವನ್ನು ತಿದ್ದುವುದು ಪುಂಡರ ಕೆಲಸವೆಂದು ತಿಳಿದವರಿದ್ದಾರೆ. ಅದರ ಮೂಲವನ್ನು ಹುಡುಕಿಕೊಂಡು ಹೋದರೆ ಸಿಕ್ಕುವವನು ಆಟವನ್ನು ಕಟ್ಟಿದವನೇ. ಜಪಾನಿನ ಕೊನಾಮಿ ಸಂಸ್ಥೆಯಲ್ಲಿ ಕಝುಹಿಸಾ ಹಶಿಮೋಟೋ ಎಂಬವರು 'ಗ್ರೇಡಿಯಸ್' ಎಂಬ ಆಟವನ್ನು ಮನೆಯ ಯಂತ್ರಕ್ಕೆ ಹೊಂದಿಸುವ ಕೆಲಸದಲ್ಲಿದ್ದರು. ಅದು ೧೯೮೬ರಲ್ಲಿ ಹೊರಬಂದಿತು. ಆಟ ಸರಿಯಾಗಿದೆಯೇ ಎಂದು ಕೊನೆಯವರೆಗೂ ಆಡಿ ನೋಡಬೇಕು. ಆದರೆ ಅದು ಅವರಿಗೇ ಬಲು ಕಷ್ಟವಾಗಿತ್ತು. ಆದುದರಿಂದ ತಮ್ಮ ಅನುಕೂಲಕ್ಕಾಗಿ, ಮೇಲೆ ಮೇಲೆ ಕೆಳಗೆ ಕೆಳಗೆ ಎಡ ಬಲ ಎಡ ಬಲ, ಆಮೇಲೆ ಬಿ, ಆಮೇಲೆ ಎ ಎಂದು ಗುಂಡಿಗಳನ್ನು ಒತ್ತಿದರೆ ಆಯುಧಗಳೆಲ್ಲ ಒದಗುವಂತೆ ಒಂದು ಗುಪ್ತ ಮಂತ್ರವನ್ನು ಅದರಲ್ಲಿ ಇಟ್ಟುಕೊಂಡರು. ಅದು ತೆಗೆಯದೆಯೇ ಉಳಿದು ಲೋಕಕ್ಕೆ ಹೊರಟುಹೋಯಿತು. ಅದೇ ಮಂತ್ರವು ಮುಂದೆ ಮನೆಯ ಯಂತ್ರದ 'ಕಾಂಟ್ರಾ' ಆಟದಲ್ಲಿ ಮೂರು ಪ್ರಾಣಗಳ ಬದಲಿಗೆ ಮೂವತ್ತು ಪ್ರಾಣಗಳನ್ನು ಕೊಡತೊಡಗಿತು. ಹಶಿಮೋಟೋ ೨೦೨೦ರಲ್ಲಿ ತೀರಿಕೊಂಡರು. ಗಾಯತ್ರಿಯನ್ನು ಮರೆತ ಎಷ್ಟೋ ಹುಡುಗರಿಗೆ ಆ ಹತ್ತು ಒತ್ತುಗಳು ಇಂದಿಗೂ ಬಾಯಿಗಿಂತ ಬೆರಳಿಗೆ ಚೆನ್ನಾಗಿ ನೆನಪಿವೆ.

ಕಾಂಟ್ರಾವನ್ನು ಇಲ್ಲಿಯ ಹುಡುಗರು ಆಡಿದುದು ನಿಂಟೆಂಡೋ ಸಂಸ್ಥೆಯ ಪೆಟ್ಟಿಗೆಯಲ್ಲಿ ಅಲ್ಲ. ಆ ಸಂಸ್ಥೆಯು ೧೯೮೩ರಲ್ಲಿ ಜಪಾನಿನಲ್ಲಿ ಹೊರತಂದ ಯಂತ್ರದ ತದ್ರೂಪುಗಳು ೧೯೯೦ರ ದಶಕದಲ್ಲಿ ಮೀಡಿಯಾ, ಲಿಟಲ್ ಮಾಸ್ಟರ್, ಟರ್ಮಿನೇಟರ್ ಎಂಬ ಹೆಸರುಗಳಿಂದ ಭಾರತದ ಮನೆಗಳನ್ನು ಸೇರಿದವು. ಆಟ ತುಂಬಿದ ಹಳದಿಯದೋ ಕಪ್ಪಿನದೋ ಬಿಲ್ಲೆಗೆ ಮಕ್ಕಳು 'ಕ್ಯಾಸೆಟ್ಟು' ಎಂದೇ ಹೆಸರಿಟ್ಟಿದ್ದರು. ಹಾಡಿನ ಕ್ಯಾಸೆಟ್ಟಿಗೂ ಅದಕ್ಕೂ ಸಂಬಂಧವಿಲ್ಲವೆಂಬ ವಿಚಾರ ಯಾರನ್ನೂ ಬಾಧಿಸಲಿಲ್ಲ. ಅದು ಓಡದಿದ್ದರೆ ಬಾಯಿಂದ ಊದಿ ಮತ್ತೆ ಸಿಕ್ಕಿಸಬೇಕು. ಈ ಕ್ಯಾಸೆಟ್ಟುಗಳ ಮೇಲೆ ಬರೆದಿರುತ್ತಿದ್ದ ಸಂಖ್ಯೆಯನ್ನು ನೆನೆದರೆ ನಗು ಬರುತ್ತದೆ. ಒಂದರಲ್ಲಿ ೯೯೯೯೯೯೯ ಆಟಗಳು! ಒಂದು ಕೋಟಿಗೆ ಒಂದು ಕಡಿಮೆ. ದಿನಕ್ಕೆ ಹತ್ತರಂತೆ ಆಡಿದರೂ ಎರಡು ಸಾವಿರ ವರ್ಷ ಮೀರಿ ಹಿಡಿಯತಕ್ಕ ಈ ನಿಧಿಯನ್ನು ತಂದೆಯು ಹಬ್ಬಕ್ಕೆಂದು ಕೊಡಿಸಿ ಕೃತಾರ್ಥನಾಗುತ್ತಿದ್ದನು. ಸಂಜೆಯ ಹೊತ್ತಿಗೆ ಮಕ್ಕಳಿಗೆ ನಿಜ ತಿಳಿಯುತ್ತಿತ್ತು. ಪಟ್ಟಿಯಲ್ಲಿ ಇದ್ದ ಆಟಗಳು ಕೆಲವೇ. ಅವೇ ಹೆಸರು ಬದಲಿಸಿಕೊಂಡು ಮತ್ತೆ ಮತ್ತೆ ಬರುತ್ತಿದ್ದವು.

ಆದರೆ ಆ ಪಟ್ಟಿಯನ್ನು ಬರಿಯ ಮೋಸವೆಂದು ತಳ್ಳಿಹಾಕಿದರೆ ಅದಕ್ಕೆ ಅನ್ಯಾಯವಾದೀತು. ಒಂದೇ ಮಾರಿಯೋ ಹಲವು ಸಾಲುಗಳಲ್ಲಿ ಬಂದರೂ, ಒಂದು ಸಾಲಿನಲ್ಲಿ ಅವನು ಮೊದಲ ಹಂತದಿಂದ ಹೊರಟರೆ ಇನ್ನೊಂದು ಸಾಲಿನಲ್ಲಿ ನಡುವಿನ ಹಂತದಿಂದ ಹೊರಡುತ್ತಿದ್ದನು. ಒಂದು ಕಾಂಟ್ರಾದಲ್ಲಿ ಸಿಪಾಯಿಯು ಸಾದಾ ಬಂದೂಕಿನವನು; ಮತ್ತೊಂದರಲ್ಲಿ ಅವನ ಪ್ರಾಣಗಳ ಸಂಖ್ಯೆಯೋ ಆಯುಧವೋ ಬೇರೆ. ಎಲ್ಲಿಯೋ ಹೆಸರಿಲ್ಲದ ಒಬ್ಬ ಕುಶಲಿಯು ಆಟದ ಹೊಟ್ಟೆಯನ್ನು ಬಗೆದು, ಆರಂಭದ ಅಂಕೆಗಳನ್ನು ಬದಲಿಸಿ, ಪ್ರತಿಯೊಂದು ಬದಲಾವಣೆಗೂ ಪಟ್ಟಿಯಲ್ಲಿ ಒಂದು ಸಾಲನ್ನು ಕೊಟ್ಟಿದ್ದನು. ಇಂದು ಮಾಡ್ ಮೆನು ಎಂದು ದೊಡ್ಡ ಹೆಸರಿನಿಂದ ಕರೆಯುವುದು ಇದರ ಮೊಮ್ಮಗನೇ. ಶಾಲೆಯಿಂದ ಬಂದು ನೆಲದ ಮೇಲೆ ಚಕ್ಕಳಮಕ್ಕಳ ಹಾಕಿ ಕುಳಿತ ಹುಡುಗನು ಆ ಸಾಲುಗಳ ನಡುವೆ ಆರಿಸುತ್ತಿದ್ದಾಗ, ಇಂದು ಎಷ್ಟು ಸುಲಭವಾಗಿ ಬಾಳಲಿ ಎಂದು ತಾನೇ ನಿಶ್ಚಯಿಸುತ್ತಿದ್ದನು. ಅಂಥ ಆಯ್ಕೆಯು ಅವನಿಗೆ ಲೆಕ್ಕದ ಪರೀಕ್ಷೆಯಲ್ಲಿ ದೊರೆಯುತ್ತಿರಲಿಲ್ಲ.

ಅದೇ ಕಾಲದಲ್ಲಿ ಇಂಗ್ಲೆಂಡಿನ ಕೋಡ್‌ಮಾಸ್ಟರ್ಸ್ ಎಂಬ ಸಂಸ್ಥೆಯವರು 'ಗೇಮ್ ಜೀನಿ' ಎಂಬ ಸಾಧನವನ್ನು ಮಾಡಿದರು. ಅದು ಕ್ಯಾಸೆಟ್ಟಿಗೂ ಯಂತ್ರಕ್ಕೂ ನಡುವೆ ಕುಳಿತು, ಯಂತ್ರವು ಇಂಥ ಮನೆಯಲ್ಲಿ ಏನಿದೆಯೆಂದು ಕೇಳಿದಾಗ ಕ್ಯಾಸೆಟ್ಟಿನ ಉತ್ತರದ ಬದಲಿಗೆ ತನ್ನ ಉತ್ತರವನ್ನು ಹೇಳುತ್ತಿತ್ತು. ತನ್ನ ಕೃತಿಯನ್ನು ಕೆಡಿಸಿದರೆಂದು ನಿಂಟೆಂಡೋ ಅಮೆರಿಕದಲ್ಲಿ ವ್ಯಾಜ್ಯ ಹೂಡಿತು. ೧೯೯೨ರಲ್ಲಿ ಮೇಲಿನ ನ್ಯಾಯಾಲಯವು ಸಾಧನವನ್ನು ಮಾರುತ್ತಿದ್ದ ಗಲೂಬ್ ಸಂಸ್ಥೆಯ ಪರವಾಗಿಯೇ ತೀರ್ಪನ್ನು ಎತ್ತಿಹಿಡಿಯಿತು. ಹಣ ಕೊಟ್ಟು ಕೊಂಡ ಆಟವನ್ನು ಮನೆಯಲ್ಲಿ ತನಗೆ ಬೇಕಾದಂತೆ ಆಡುವುದರಿಂದ ಹೊಸ ಕೃತಿಯೊಂದು ಹುಟ್ಟಿದಂತಾಗುವುದಿಲ್ಲ ಎಂಬುದು ಅದರ ಸಾರ. ಮನೆಯಲ್ಲಿ ಹಿರಿಯರು ಕಥೆ ಹೇಳುವಾಗ ಮಗು ಹೆದರುತ್ತದೆಂದು ರಾಕ್ಷಸನನ್ನು ಚಿಕ್ಕವನನ್ನಾಗಿ ಮಾಡುವುದಕ್ಕೆ ಯಾರ ಅಪ್ಪಣೆಯೂ ಬೇಕಾಗಿಲ್ಲವಷ್ಟೆ.

ಇದಾದ ಮೇಲೆ ಯಂತ್ರಗಳಿಗೆ ಬೀಗಗಳು ಬಂದವು. ಬೀಗದ ಚರಿತ್ರೆ ಆಟಕ್ಕಿಂತ ರಸವತ್ತಾದುದು. ಸೋನಿ ಸಂಸ್ಥೆಯ ಪ್ಲೇಸ್ಟೇಷನ್ ೧೯೯೪ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ಹೊರಟಾಗ, ನಿಜವಾದ ಡಿಸ್ಕಿನ ಒಳ ಅಂಚಿನ ಗೆರೆಯು ಸೂಕ್ಷ್ಮವಾಗಿ ಅಲುಗುವಂತೆ ಅಚ್ಚಾಗಿರುತ್ತಿತ್ತು. ಆ ಅಲುಗಾಟದಲ್ಲಿ ನಾಲ್ಕು ಅಕ್ಷರಗಳು ಅಡಗಿರುತ್ತಿದ್ದವು. ಮನೆಯಲ್ಲಿ ನಕಲು ಮಾಡಿದ ಡಿಸ್ಕಿನಲ್ಲಿ ಉಳಿದುದೆಲ್ಲ ಬರುತ್ತಿತ್ತು, ಈ ನಡುಕ ಬರುತ್ತಿರಲಿಲ್ಲ. ದುರಸ್ತಿಗಾರರು ಒಂದು ಸಣ್ಣ ಚಿಪ್ಪನ್ನು ಒಳಗೆ ಬೆಸೆದು, ಅದು ಆ ನಾಲ್ಕು ಅಕ್ಷರಗಳನ್ನು ಯಂತ್ರದ ಕಿವಿಯಲ್ಲಿ ಜಪಿಸುತ್ತಿರುವಂತೆ ಮಾಡಿದರು. ೨೦೦೦ದಲ್ಲಿ ಬಂದ ಪ್ಲೇಸ್ಟೇಷನ್ ೨ಕ್ಕೂ 'ಚಿಪ್ ಹಾಕಿಸುವುದು' ನಡೆಯಿತು. ಆ ಯಂತ್ರವು ಲೋಕದಲ್ಲಿ ಹದಿನೈದು ಕೋಟಿಗೂ ಮೀರಿ ಮಾರಾಟವಾಯಿತು. ೨೦೦೮ರ ಹೊತ್ತಿಗೆ ಬೆಸುಗೆಯ ಗೊಡವೆಯೂ ಇಲ್ಲದೆ, ಮೆಮೊರಿ ಕಾರ್ಡಿನಲ್ಲಿಟ್ಟ ಒಂದು ಕಡತದಿಂದಲೇ ಅದರ ಬಾಗಿಲನ್ನು ತೆರೆಯುವ ಉಪಾಯ ಬಂದಿತು.

ಪ್ಲೇಸ್ಟೇಷನ್ ೩ರ ಬೀಗವು ಗಣಿತದ್ದು. ಪ್ರತಿಯೊಂದು ಆಟದ ಮೇಲೂ ಗುಪ್ತವಾದ ಮುದ್ರೆಯನ್ನು ಒತ್ತಬೇಕು. ಒತ್ತುವಾಗಲೆಲ್ಲ ಯಾರೂ ಊಹಿಸಲಾರದ ಹೊಸದೊಂದು ಸಂಖ್ಯೆಯನ್ನು ಬಳಸಬೇಕೆಂಬುದು ಆ ಗಣಿತದ ಕಟ್ಟುನಿಟ್ಟು. ಸೋನಿಯವರು ಪ್ರತಿಸಲವೂ ಒಂದೇ ಸಂಖ್ಯೆಯನ್ನು ಬಳಸಿದ್ದರು! ೨೦೧೦ರ ಡಿಸೆಂಬರಿನಲ್ಲಿ ಬರ್ಲಿನ್ನಿನ ಒಂದು ಸಮ್ಮೇಳನದಲ್ಲಿ ಕೆಲವು ತರುಣರು ಇದನ್ನು ಹೊರಗೆಡಹಿದರು. ಒಂದೇ ಸಂಖ್ಯೆಯಿಂದ ಒತ್ತಿದ ಎರಡು ಮುದ್ರೆಗಳು ಸಿಕ್ಕಿದರೆ ಮುದ್ರೆಯ ಕೀಲಿಯನ್ನೇ ಕಂಡುಹಿಡಿಯುವುದಕ್ಕೆ ಹೈಸ್ಕೂಲಿನ ಬೀಜಗಣಿತಕ್ಕಿಂತ ಬಹಳ ಹೆಚ್ಚಿನದೇನೂ ಬೇಕಾಗುವುದಿಲ್ಲ.

ಮೈಕ್ರೋಸಾಫ್ಟಿನ ಎಕ್ಸ್‌ಬಾಕ್ಸ್ ೩೬೦ನ್ನು ಗೆದ್ದ ಬಗೆ ಇನ್ನೂ ಚೆಲುವಾದುದು. ಅದು ಎಚ್ಚರಗೊಳ್ಳುವಾಗ ಮುಂದಿರುವ ಆಜ್ಞೆಗಳು ನಿಜವಾದವೋ ಅಲ್ಲವೋ ಎಂದು ಎರಡು ಗುರುತುಗಳನ್ನು ಹೋಲಿಸಿ ನೋಡುತ್ತದೆ. ೨೦೧೧ರಲ್ಲಿ ಬೆಳಕಿಗೆ ಬಂದ ಉಪಾಯವಿಷ್ಟೆ: ಯಂತ್ರದ ನಡೆಯನ್ನು ನಿಧಾನಗೊಳಿಸಿ, ಸರಿಯಾಗಿ ಆ ಹೋಲಿಕೆಯ ಗಳಿಗೆಯಲ್ಲಿ ಪುನರಾರಂಭದ ತಂತಿಗೆ ಅತ್ಯಲ್ಪ ಕಾಲದ ವಿದ್ಯುತ್ತಿನ ತಟ್ಟೊಂದನ್ನು ಕೊಡುವುದು. ಯಂತ್ರವು ನಿಂತು ಮತ್ತೆ ಹೊರಡುವುದಿಲ್ಲ. ಒಂದು ಸಲ ತಡವರಿಸುತ್ತದೆ. ತಡವರಿಕೆಯಲ್ಲಿ 'ಬೇರೆ' ಎನ್ನಬೇಕಾದಲ್ಲಿ 'ಒಂದೇ' ಎಂದುಬಿಡುತ್ತದೆ. ದ್ವಾರಪಾಲಕನು ಆಕಳಿಸುವ ಕ್ಷಣವನ್ನು ಕಾದು ಒಳಗೆ ನುಸುಳಿದಂತೆ. ಪ್ರತಿಸಲವೂ ಆಕಳಿಕೆ ಬರಬೇಕೆಂಬ ನಿಯಮವಿಲ್ಲ. ಬಾರದಿದ್ದರೆ ಸಣ್ಣ ಚಿಪ್ಪು ಮತ್ತೆ ತಟ್ಟುತ್ತದೆ, ಮತ್ತೆ ತಟ್ಟುತ್ತದೆ. ಹೀಗೆ ತಿದ್ದಿದ ಪೆಟ್ಟಿಗೆಯ ಗುಂಡಿಯನ್ನು ಒತ್ತಿ ಕೆಲವು ಕ್ಷಣ ಕಾಯಬೇಕಾಗುವುದು ಈ ಕಾರಣದಿಂದಲೇ.

ಚಿಪ್ ಹಾಕಿಸಿದವರೆಲ್ಲ ವಿದ್ಯೆಯ ಮೋಹದಿಂದ ಹಾಕಿಸಿದರೆಂದು ಹೇಳಿದರೆ ಅದು ಮುಖಸ್ತುತಿಯಾದೀತು. ಹೆಚ್ಚಿನವರಿಗೆ ಬೇಕಾಗಿದ್ದುದು ಅಗ್ಗದ ನಕಲು ಡಿಸ್ಕು. ಅಸಲು ಡಿಸ್ಕಿನ ಬೆಲೆಯು ಸಾಮಾನ್ಯ ಸಂಬಳದ ಮನೆಗೆ ಎಟುಕುವಂಥದಾಗಿರಲಿಲ್ಲವೆಂಬುದು ಕಾರಣವಾದೀತೇ ಹೊರತು ಸಮರ್ಥನೆಯಾಗಲಾರದು. ಭಾರತದ ೧೯೫೭ರ ಕೃತಿಸ್ವಾಮ್ಯದ ಕಾಯಿದೆಗೆ ೨೦೧೨ರಲ್ಲಿ ಸೇರಿಸಿದ ೬೫-ಎ ಪ್ರಕರಣವು, ಹಕ್ಕನ್ನು ಭಂಗಪಡಿಸುವ ಉದ್ದೇಶದಿಂದ ಇಂಥ ಬೀಗಗಳನ್ನು ಒಡೆಯುವವನಿಗೆ ಎರಡು ವರ್ಷದವರೆಗೆ ಸೆರೆಯನ್ನೂ ದಂಡವನ್ನೂ ವಿಧಿಸುತ್ತದೆ. ಉದ್ದೇಶವೆಂಬ ಮಾತು ಅಲ್ಲಿ ಇರುವುದನ್ನು ಗಮನಿಸಬೇಕು. ಶಾಸನಕರ್ತರು ಒಡೆಯುವ ಕೈಯನ್ನು ನೋಡಿ ಸುಮ್ಮನಾಗದೆ ಅದರ ಹಿಂದಿನ ಮನಸ್ಸನ್ನೂ ವಿಚಾರಿಸಿದ್ದಾರೆ.

ಮನಸ್ಸಿನ ಮಾತು ಬಂದುದರಿಂದ ಇನ್ನೊಂದನ್ನು ಹೇಳಬೇಕಾಗುತ್ತದೆ. ಕನ್ಸೋಲುಗಳು ಅಂತರಜಾಲವನ್ನು ಸೇರಿದ ಮೇಲೆ ಮನೆಯಲ್ಲಿ ಒಬ್ಬನೇ ಆಡುತ್ತಿದ್ದವನು ಸಾವಿರ ಗಾವುದ ದೂರದ ಅಪರಿಚಿತರೊಡನೆ ಆಡತೊಡಗಿದನು. ೨೦೦೯ರ 'ಮಾಡರ್ನ್ ವಾರ್‌ಫೇರ್ ೨' ಎಂಬ ಯುದ್ಧದ ಆಟದಲ್ಲಿಯೂ ೨೦೧೩ರ 'ಗ್ರ್ಯಾಂಡ್ ಥೆಫ್ಟ್ ಆಟೋ ೫'ರಲ್ಲಿಯೂ ಮೆನು ಹಾಕಿಸಿಕೊಂಡವರು ಗುಪ್ತವಾಗಿ ಅಂಥ ಸಭೆಗಳನ್ನು ಹೊಕ್ಕರು. ತಾವು ಸಾಯರು, ಎದುರಿನವನು ಎಲ್ಲಿ ಅಡಗಿದರೂ ಗೋಡೆಯಾಚೆಗೆ ಕಾಣುತ್ತಾನೆ, ಬೇಸರವಾದರೆ ಅವನ ಪರದೆಯನ್ನೇ ಮರಗಟ್ಟಿಸಿ ಹೊರದೂಡಬಹುದು. ಹಸ್ತಿನಾವತಿಯ ಸಭೆಯಲ್ಲಿ ನಡೆದುದಾದರೂ ಇಷ್ಟೇ ಅಲ್ಲವೆ? ಶಕುನಿಯ ಕೈಯಲ್ಲಿ ಇದ್ದುದು ತಿದ್ದಿದ ದಾಳ. ಎದುರಿಗೆ ಕುಳಿತವನು ಇದು ಆಟವೆಂದು ನಂಬಿದ್ದನು. ಶಕುನಿಗೆ ಅದು ಆಟವಾಗಿರಲಿಲ್ಲ. ಬೀದಿಯ ಮಗು ಲೆಕ್ಕಕ್ಕಿಲ್ಲವೆಂಬುದು ಬೀದಿಗೆಲ್ಲ ತಿಳಿದಿರುತ್ತದೆ. ಶಕುನಿಯು ಲೆಕ್ಕಕ್ಕಿಲ್ಲವೆಂಬುದು ಶಕುನಿಗೊಬ್ಬನಿಗೆ ತಿಳಿದಿತ್ತು. ಇದನ್ನು ಚತುರತೆಯೆಂದು ಹೊಗಳುವ ಹುಡುಗರಿದ್ದಾರೆ. ಅವರಿಗೆ ಇದಕ್ಕಿಂತ ಹೆಚ್ಚಿನ ಉತ್ತರವನ್ನು ಕೊಡಬೇಕಾಗಿಲ್ಲ.

ಅಂಥ ಸಭೆಗಳೂ ಈಗ ಒಂದೊಂದಾಗಿ ಬರಿದಾಗಿವೆ. ಪ್ಲೇಸ್ಟೇಷನ್ ೩, ಎಕ್ಸ್‌ಬಾಕ್ಸ್ ೩೬೦ ಯಂತ್ರಗಳಲ್ಲಿ ಆ ಎರಡನೆಯ ಆಟದ ಜಾಲವನ್ನು ೨೦೨೧ರ ಡಿಸೆಂಬರ್ ೧೬ರಂದು ಮುಚ್ಚಿದರು. ಎಕ್ಸ್‌ಬಾಕ್ಸ್ ೩೬೦ರ ಅಂಗಡಿ ೨೦೨೪ರ ಜುಲೈ ೨೯ರಂದು ಬಾಗಿಲು ಹಾಕಿತು. ಧರ್ಮರಾಯನೂ ಇಲ್ಲದ, ಶಕುನಿಯೂ ಇಲ್ಲದ ಸಭಾಮಂಟಪದಲ್ಲಿ ಪೆಟ್ಟಿಗೆಗಳು ಮಾತ್ರ ಉಳಿದಿವೆ. ಅವನ್ನು ಉಳಿಸಿಕೊಂಡಿರುವವರು ಯಾರೆಂದು ನೋಡಿದರೆ, ಒಂದು ಕಾಲಕ್ಕೆ ಬೀಗ ಒಡೆದವರೆಂದು ಬೈಸಿಕೊಂಡ ಪಂಗಡದವರೇ.

ಕ್ರಿಕೆಟಿನ ಆಟವೊಂದರ ಕಥೆಯನ್ನು ಇಲ್ಲಿ ಬಿಡುವಂತಿಲ್ಲ. ಇ.ಎ. ಸಂಸ್ಥೆಯವರು ೨೦೦೬ರ ನವೆಂಬರಿನಲ್ಲಿ 'ಕ್ರಿಕೆಟ್ ೦೭' ಎಂಬ ಆಟವನ್ನು ಪ್ಲೇಸ್ಟೇಷನ್ ೨ಕ್ಕೂ ಕಂಪ್ಯೂಟರಿಗೂ ಹೊರತಂದರು. ಕಟ್ಟಿದವರು ಕೆನಡಾದವರು, ವರದಿಯ ಧ್ವನಿ ರಿಚೀ ಬೆನೋ ಮತ್ತು ಮಾರ್ಕ್ ನಿಕೊಲಸ್ ಅವರದು. ಆ ಸಂಸ್ಥೆಯು ಆಮೇಲೆ ಅಂಥ ಇನ್ನೊಂದು ಕ್ರಿಕೆಟ್ ಆಟವನ್ನು ತರಲಿಲ್ಲ. ಅನುಮತಿ ಪಡೆಯದ ದೇಶಗಳ ಆಟಗಾರರಿಗೆ ಅದರಲ್ಲಿ ವಿಕಾರಗೊಳಿಸಿದ ಹೆಸರುಗಳಿದ್ದವು. ೨೦೦೮ರ ಏಪ್ರಿಲ್ ೧೮ರಂದು ಚಿನ್ನಸ್ವಾಮಿ ಕ್ರೀಡಾಂಗಣದಲ್ಲಿ ಐ.ಪಿ.ಎಲ್. ಪಂದ್ಯಾವಳಿಯು ಆರಂಭವಾದಾಗ ಈ ಆಟಕ್ಕೆ ಅದರ ಸುಳಿವೇ ಇರಲಿಲ್ಲ. ಯಾರ ಅಪ್ಪಣೆಯನ್ನೂ ಕೇಳದೆ ತಿದ್ದುವವರು ಕುಳಿತರು. ವಿಕಾರವಾದ ಹೆಸರುಗಳನ್ನು ನೇರಮಾಡಿದರು, ಕೆಂಪು ಅಂಗಿಗಳನ್ನು ಹೊಲಿದರು, ಎಂದರೆ ಬಣ್ಣದ ಚುಕ್ಕೆ ಚುಕ್ಕೆಯಾಗಿ ಬಿಡಿಸಿದರು, ಮೊಗಸಾಲೆಗಳನ್ನು ಕಟ್ಟಿದರು, ವರ್ಷ ವರ್ಷವೂ ತಂಡ ಬಿಟ್ಟವರನ್ನು ತೆಗೆದು ಸೇರಿದವರನ್ನು ಸೇರಿಸಿದರು. ೨೦೨೪ರಲ್ಲಿ ತಂಡದ ಹೆಸರಿನೊಳಗಿನ 'ಬ್ಯಾಂಗಲೂರು' ಹೋಗಿ 'ಬೆಂಗಳೂರು' ಬಂದಾಗ ಅದನ್ನೂ ತಿದ್ದಬೇಕಾಯಿತು. ಹೆಚ್ಚಿನ ಕೆಲಸ ನಡೆದುದು ಕಂಪ್ಯೂಟರಿನ ಪ್ರತಿಯಲ್ಲಿ; ಪ್ಲೇಸ್ಟೇಷನ್ನಿನ ಡಿಸ್ಕುಗಳನ್ನೂ ಕೆಲವರು ಹೀಗೆ ಮಾರ್ಪಡಿಸಿದರು. ಆ ತಂಡವು ನಿಜವಾದ ಮೈದಾನದಲ್ಲಿ ಮೊದಲ ಸಲ ಕಪ್ಪನ್ನು ಎತ್ತಿದುದು ಹದಿನೆಂಟನೆಯ ಪ್ರಯತ್ನದಲ್ಲಿ, ೨೦೨೫ರಲ್ಲಿ. ಅಲ್ಲಿಯವರೆಗೆ ಬೆಂಗಳೂರಿನ ಮನೆಗಳ ಹಜಾರಗಳಲ್ಲಿ ಅದು ಗೆದ್ದ ಕಪ್ಪುಗಳಿಗೆ ಲೆಕ್ಕವಿಡುವವರು ಯಾರು?

ತಿದ್ದುವ ಕೈಯನ್ನು ಕೇಳಿಕೊಂಡು ಬರುವವರೆಲ್ಲ ಹಿಡಿಗೆಲುವಿಗಾಗಿ ಬರುವುದಿಲ್ಲ. ಶಿವಾಜಿನಗರದ ಅಂಥ ಮೇಜೊಂದರ ಬಳಿಗೆ ಹಲಸೂರಿನ ಕಡೆಯ ತಾಯಿಯೊಬ್ಬಳು ಹತ್ತು ವರ್ಷದ ಮಗನನ್ನು ಕರೆದುಕೊಂಡು ಬಂದಳು. ಹುಡುಗನ ಬಲಗೈಯ ಬೆರಳುಗಳು ಹುಟ್ಟಿನಿಂದಲೇ ಸರಿಯಾಗಿ ಮಡಿಯವು. ಸೋದರಮಾವ ಬಿಟ್ಟುಹೋದ ಪ್ಲೇಸ್ಟೇಷನ್ ೨ ಮನೆಯಲ್ಲಿತ್ತು. ಹುಡುಗನ ಮೆಚ್ಚಿನ ಆಟ ೨೦೦೩ರ 'ಪ್ರಿನ್ಸ್ ಆಫ್ ಪರ್ಷಿಯಾ'. ಅದು ಗೋಡೆಯ ಮೇಲೆ ಓಡಿ, ಕಂಬದಿಂದ ಕಂಬಕ್ಕೆ ನೆಗೆದು ಸಾಗತಕ್ಕ ಆಟ. ಗುಂಡಿಯನ್ನು ಅದುಮುವುದು ಅರೆಕ್ಷಣ ತಡವಾದರೆ ರಾಜಕುಮಾರನು ಪಾತಾಳಕ್ಕೆ ಬೀಳುತ್ತಾನೆ. ಕಟ್ಟಿದವರೇ ಅದರಲ್ಲಿ ಒಂದು ಕರುಣೆಯನ್ನೂ ಇಟ್ಟಿದ್ದಾರೆ: ಅವನ ಕಠಾರಿಯಲ್ಲಿ ಮರಳು ಇರುವವರೆಗೆ, ಬಿದ್ದ ಮೇಲೂ ಕಾಲವನ್ನು ಕೆಲವು ಕ್ಷಣ ಹಿಂದಕ್ಕೆ ಸರಿಸಿ ಮತ್ತೆ ನೆಗೆಯಬಹುದು. ಮರಳು ತೀರಿದರೆ ಅದೂ ಇಲ್ಲ.

'ಅವನು ಸಾಯದ ಹಾಗೆ ಮಾಡಿಕೊಡಿ ಭಾಯ್, ದಿನಾ ಅಳ್ತಾನೆ' ಎಂದು ತಾಯಿ ಕೇಳಿದಳು.

ದುರಸ್ತಿಗಾರನು ಹೆಚ್ಚು ಮಾತಾಡದೆ ಮಾಡಿಕೊಟ್ಟನು. ಈ ಯಂತ್ರದಲ್ಲಿ ಪಟ್ಟಿಯು ಆಟದ ನಡುವೆ ಇಳಿಯುವುದಿಲ್ಲ. ಆಟಕ್ಕೆ ಮೊದಲೇ ಕಾಣಿಸಿಕೊಂಡು, ಇಂದು ಏನೇನು ಬೇಕೆಂದು ಕೇಳುತ್ತದೆ. ಪಟ್ಟಿಯೆಂದರೆ ಪೆನ್‌ಡ್ರೈವಿನಲ್ಲಿ ಇಟ್ಟ ಒಂದು ಕಡತ. ಅದರಲ್ಲಿ ಎರಡು ಸಾಲುಗಳನ್ನು ಬರೆದುಕೊಟ್ಟನು: ತೀರದ ಪ್ರಾಣ, ತೀರದ ಮರಳು. ಹುಡುಗನು ಆ ವಾರವೇ ಆಟವನ್ನು ಕೊನೆಮುಟ್ಟಿಸಿದನು. ತಾಯಿಗೆ ಸಮಾಧಾನವಾಯಿತು.

ತಿಂಗಳು ಕಳೆದ ಮೇಲೆ ಹುಡುಗನೇ ತಾಯಿಯನ್ನು ಎಳೆದುಕೊಂಡು ಬಂದನು. ಯಂತ್ರ ಕೆಟ್ಟಿರಲಿಲ್ಲ. ಅವನಿಗೆ ಬೇಕಾಗಿದ್ದುದು ಮೊದಲನೆಯ ಸಾಲನ್ನು ತೆಗೆಸುವುದು.

'ಬೇಡದಿದ್ದರೆ ಆರಿಸಬೇಡ, ಅಷ್ಟೇ ತಾನೆ?' ಎಂದನು ದುರಸ್ತಿಗಾರ.

'ಅದು ಅಲ್ಲೇ ಇರತ್ತಲ್ಲ ಭಾಯ್. ಪ್ರತಿ ಸಲ ಕೂತಾಗ್ಲೂ ಕೇಳತ್ತೆ. ಇವತ್ತು ಬೇಡ ಅಂದ್ಕೊಂಡೇ ಕೂರ್ತೀನಿ, ಆಮೇಲೆ ಒತ್ತಿಬಿಡ್ತೀನಿ.' ಸ್ವಲ್ಪ ಹೊತ್ತು ತಡೆದು ಮತ್ತೆ ಹೇಳಿದನು: 'ಭಾನುವಾರ ದೊಡ್ಡಪ್ಪನ ಮಗ ಬರ್ತಾನೆ. ನಾನು ಎಷ್ಟು ದೂರ ಹೋದರೂ ಅವನು ನೋಡೋದೇ ಇಲ್ಲ. ನಿಂದು ಲೆಕ್ಕಕ್ಕಿಲ್ಲ ಬಿಡು ಅಂತಾನೆ.'

ತಾಯಿಯು ಮುಖವನ್ನು ಬೀದಿಯ ಕಡೆಗೆ ತಿರುಗಿಸಿಕೊಂಡಳು. ದುರಸ್ತಿಗಾರನು ಪೆನ್‌ಡ್ರೈವನ್ನು ತನ್ನ ಕಂಪ್ಯೂಟರಿಗೆ ಚುಚ್ಚಿ ಕಡತವನ್ನು ತೆರೆದನು. ಮೊದಲನೆಯ ಸಾಲನ್ನು ಅಳಿಸಿ, ಎರಡನೆಯದರ ಮೇಲೆ ಬೆರಳಿಟ್ಟು, ಇದನ್ನೂ ತೆಗೆಯಲೇ ಎಂದು ಹುಡುಗನ ಕಡೆಗೆ ನೋಡಿದನು.

ಹುಡುಗನು ಆಲೋಚಿಸಿದನು. ಮಡಿಯದ ಬೆರಳುಗಳನ್ನು ಇನ್ನೊಂದು ಕೈಯಿಂದ ಸವರಿಕೊಂಡನು.

'ಮರಳು ಇರ್ಲಿ ಭಾಯ್. ಅದು ಆಟದವರೇ ಕೊಟ್ಟಿದ್ದು. ಅದ್ರಲ್ಲಿ ಬೀಳೋದಂತೂ ಬೀಳ್ತೀನಲ್ಲ.'

ಮೀಮಾಂಸಕರು ಕೂಡ ಇಂಥ ಭೇದವನ್ನು ಇಷ್ಟು ಬೇಗ ಕಾಣುತ್ತಿರಲಿಲ್ಲ. ದುರಸ್ತಿಗಾರನಿಗೆ ಮೀಮಾಂಸೆಯ ಗೊಡವೆಯಿರಲಿಲ್ಲ. ಅವನು ಕಡತವನ್ನು ಮುಚ್ಚಿ ಪೆನ್‌ಡ್ರೈವನ್ನು ಹುಡುಗನ ಎಡಗೈಯಲ್ಲಿ ಇಟ್ಟನು. ತಾಯಿಯು ಚೀಲದಿಂದ ಪರ್ಸನ್ನು ತೆಗೆದು ಎಷ್ಟಾಯಿತೆಂದು ಕೇಳಿದಳು.

'ಇಪ್ಪತ್ತು ರೂಪಾಯಿ ಕೊಡಿ ಅಕ್ಕ.'

'ತೆಗೆಯೋದಕ್ಕೂ ದುಡ್ಡೇ?' ಎಂದು ಅವಳು ನಕ್ಕಳು.

'ಹಾಕೋದು ಎಲ್ಲರಿಗೂ ಬರತ್ತೆ' ಎಂದು ಅವನು ನೋಟನ್ನು ಡಬ್ಬಿಗೆ ಹಾಕಿ, ಬಿರಿದ ಹೊಟ್ಟೆಯ ಕಪ್ಪು ಪೆಟ್ಟಿಗೆಯನ್ನು ತನ್ನ ಮುಂದಕ್ಕೆ ಎಳೆದುಕೊಂಡನು.